ಕಾಲಕ್ಕೆ ಕೀಲಿ ಕೊಡುವವರು

ಕಥೆಗಳಲ್ಲಿ ಒಂದು ಯಂತ್ರವಿರುತ್ತದೆ. ಅದು ತಿರುಗುತ್ತಿರುವವರೆಗೆ ರಾಜ್ಯದಲ್ಲಿ ಹಗಲು ಹಗಲಾಗಿ, ರಾತ್ರಿ ರಾತ್ರಿಯಾಗಿ ಇರುತ್ತವೆ. ಅದು ಕೆಟ್ಟ ದಿನ ಕಾಲವೇ ದಾರಿ ತಪ್ಪುತ್ತದೆ. ಇಂಥದೊಂದು ಯಂತ್ರ ನಿಜಕ್ಕೂ ಇದೆಯೇ ಎಂದು ಮಕ್ಕಳು ಕೇಳಿದರೆ ನಾನು ಇಲ್ಲವೆನ್ನುವುದಿಲ್ಲ. ನಮ್ಮ ಅಜ್ಜನ ಮನೆಯಲ್ಲೇ ಒಂದಿತ್ತಲ್ಲ!

ತೇರದಾಳದ ಆ ಮನೆಯ ಪಡಸಾಲೆಯ ಗೋಡೆಗೆ ಲೋಲಕದ ಗಡಿಯಾರ. ಒಳಗೆ ಮಗ್ಗದ ಸದ್ದು, ಹೊರಗೆ ಇದರ ಟಿಕ್ ಟಿಕ್. ವಾರಕ್ಕೊಮ್ಮೆ ಅಜ್ಜ ಸ್ಟೂಲು ಹತ್ತಿ ಕೀಲಿ ಕೊಡುತ್ತಿದ್ದ. ರೇಡಿಯೋ ವಾರ್ತೆಗೆ ಮುಂಚೆ ಪಿಪ್ ಪಿಪ್ ಎಂದಾಗ ಮುಳ್ಳು ಸರಿಪಡಿಸುತ್ತಿದ್ದ. ಒಂದು ಬೇಸಗೆಯಲ್ಲಿ ಅಜ್ಜ ತಿಂಗಳುಗಟ್ಟಲೆ ಹಾಸಿಗೆ ಹಿಡಿದ. ನಾವು ಹುಡುಗರು ಕೀಲಿಯನ್ನೇನೋ ಕೊಟ್ಟೆವು. ಮುಳ್ಳಿನ ಗೊಡವೆಗೆ ಹೋಗಲಿಲ್ಲ. ನೇಯ್ದ ಸೀರೆಗಳ ಗಂಟು ಹೊತ್ತು ಬನಹಟ್ಟಿಗೆ ಹೊರಟ ಕಾಕಾ ಬಸ್ಸು ತಪ್ಪಿಸಿಕೊಂಡು ಬಂದ. ಅಂದಿನ ಕೂಲಿ ಅಂದು ಕೈಗೆ ಬರಲಿಲ್ಲ. ಗಡಿಯಾರ ಐದು ನಿಮಿಷ ಹಿಂದಿತ್ತು.

ಅಜ್ಜ ಮಲಗಿದಲ್ಲಿಂದಲೇ ಅಂದ: "ಕೀಲಿ ಕೊಟ್ಟರ ಸಾಲದೋ ತಮ್ಮಾ, ಖರೇ ವ್ಯಾಳ್ಯಾಕ್ಕ ಹಚ್ಚಬೇಕು."

ಬಿಸಿಲಿಗೆ ಕಬ್ಬಿಣ ಹಿಗ್ಗುತ್ತದೆ. ಕಡ್ಡಿ ಉದ್ದವಾದಂತೆ ಲೋಲಕ ನಿಧಾನವಾಗುತ್ತದೆ. ಚಳಿಗಾಲಕ್ಕಿಂತ 20 ಡಿಗ್ರಿ ಹೆಚ್ಚಿದರೆ ದಿನಕ್ಕೆ ಸುಮಾರು 10 ಸೆಕೆಂಡು ಹಿಂದೆ. ತಿಂಗಳಿಗೆ ಐದು ನಿಮಿಷ. ತಪ್ಪು ಗಡಿಯಾರದ್ದಲ್ಲ, ಕಾವಲಿಲ್ಲದ್ದು.

ಆದರೆ 'ಖರೇ ವ್ಯಾಳ್ಯಾ' ಎಲ್ಲಿದೆ? ಸೂರ್ಯನನ್ನು ಕೇಳೋಣವೆಂದರೆ ಅವನದು ಬೇರೆಯೇ ಲೆಕ್ಕ. ಭಾರತದ ಸಮಯಕ್ಕೆ ಆಧಾರ 82.5 ಡಿಗ್ರಿ ಪೂರ್ವ ರೇಖಾಂಶ. ತೇರದಾಳ ಇರುವುದು 75 ಡಿಗ್ರಿಯ ಹತ್ತಿರ. ಡಿಗ್ರಿಗೆ ನಾಲ್ಕು ನಿಮಿಷದಂತೆ ಅರ್ಧ ಗಂಟೆಯ ಅಂತರ. ಅಲ್ಲಿ ಸೂರ್ಯ ನೆತ್ತಿಗೆ ಬರುವಾಗ ಗಡಿಯಾರದಲ್ಲಿ ಹೆಚ್ಚುಕಡಿಮೆ ಹನ್ನೆರಡೂವರೆ! ಹಿಂದಿನವರು ತಳದಲ್ಲಿ ಸಣ್ಣ ತೂತಿನ ತಾಮ್ರದ ಗಳಿಗೆ ಬಟ್ಟಲನ್ನು ನೀರಿನಲ್ಲಿ ತೇಲಿಬಿಡುತ್ತಿದ್ದರು. ಅದು ಮುಳುಗಿದರೆ ಒಂದು ಗಳಿಗೆ, ಅಂದರೆ 24 ನಿಮಿಷ. ಆಗ ಊರಿಗೊಂದು ಮಧ್ಯಾಹ್ನ. ರೈಲು, ತಂತಿ ಬಂದ ಮೇಲೆ ಅದು ಸಾಗಲಿಲ್ಲ. 1906ರ ಜನವರಿ 1ರಿಂದ ದೇಶಕ್ಕೆಲ್ಲ ಒಂದೇ ಸಮಯವಾಯಿತು. ಮುಂಬಯಿ ನಗರ ಮಾತ್ರ 39 ನಿಮಿಷ ಹಿಂದಿನ ತನ್ನ ಸಮಯವನ್ನು 1955ರವರೆಗೆ ಬಿಟ್ಟುಕೊಡಲಿಲ್ಲ.

ಈ ಒಂದೇ ಸಮಯವನ್ನು ಇಂದು ಕಾಯುವುದು ನವದೆಹಲಿಯ ರಾಷ್ಟ್ರೀಯ ಭೌತ ಪ್ರಯೋಗಾಲಯ. ಅಲ್ಲಿರುವುದು ಲೋಲಕವಲ್ಲ, ಪರಮಾಣು ಗಡಿಯಾರ. ಸೀಸಿಯಂ ಪರಮಾಣುವಿನ ವಿಕಿರಣ 919,26,31,770 ಸಲ ಕಂಪಿಸಿದರೆ ಒಂದು ಸೆಕೆಂಡು ಎಂದು 1967ರಲ್ಲಿ ಜಗತ್ತು ಒಪ್ಪಿಕೊಂಡಿದೆ. ಬಿಸಿಲಿಗೆ ಹಿಗ್ಗುವ ಕಡ್ಡಿಯ ಗೊಡವೆಯೇ ಇಲ್ಲ.

ಹಾಗಾದರೆ ಕಾವಲು ಬೇಡವೇ? ನಮ್ಮ ದಾರಿತೋರುವ ಉಪಗ್ರಹಗಳ ಕಥೆ ಕೇಳಿ. ಉಪಗ್ರಹದಿಂದ ಸಂಕೇತ ಬರಲು ಎಷ್ಟು ಹೊತ್ತಾಯಿತೆಂದು ಅಳೆದೇ ನಾವೆಲ್ಲಿದ್ದೇವೆಂದು ತಿಳಿಯುವುದು. ಗಡಿಯಾರ ಸೆಕೆಂಡಿನ ಹತ್ತು ಲಕ್ಷದ ಒಂದು ಪಾಲು ತಪ್ಪಿದರೂ ಲೆಕ್ಕ 300 ಮೀಟರು ತಪ್ಪುತ್ತದೆ. 2013ರ ಜುಲೈಯಲ್ಲಿ ಹಾರಿದ ಇಂಥ ಮೊದಲ ಉಪಗ್ರಹದಲ್ಲಿ ವಿದೇಶದಿಂದ ತಂದ ಮೂರು ರುಬಿಡಿಯಂ ಗಡಿಯಾರಗಳಿದ್ದವು. ಕೆಲವೇ ವರ್ಷಗಳಲ್ಲಿ ಮೂರೂ ಕೆಟ್ಟವು. ಉಪಗ್ರಹ ಸುತ್ತುತ್ತಲೇ ಇತ್ತು. ದಾರಿ ತೋರುವ ಕೆಲಸಕ್ಕೆ ಮಾತ್ರ ಬಾರದಾಯಿತು. 2023ರ ಮೇ 29ರಂದು ಹಾರಿದ ಉಪಗ್ರಹದಲ್ಲಿ ನಮ್ಮವರೇ ಮಾಡಿದ ರುಬಿಡಿಯಂ ಗಡಿಯಾರ ಹೋಯಿತು. ಆದರೂ ಆಕಾಶದ ಗಡಿಯಾರಗಳು ತುಸು ತುಸುವೇ ಸರಿಯುತ್ತವೆ. ಬೆಂಗಳೂರಿನ ಸಮೀಪದ ಬ್ಯಾಲಾಳುವಿನಲ್ಲಿರುವ ಇಸ್ರೊ ಕೇಂದ್ರ ನೆಲದ ಗಡಿಯಾರದೊಡನೆ ಅವುಗಳನ್ನು ತಾಳೆ ನೋಡಿ, ತಪ್ಪಿದ್ದೆಷ್ಟು ಎಂದು ಲೆಕ್ಕ ಹಾಕುತ್ತಲೇ ಇರಬೇಕು.

ಅಂದರೆ ಸ್ಟೂಲು ಹತ್ತುವ ಅಜ್ಜ ಅಲ್ಲಿಯೂ ಬೇಕು. ಬಸ್ಸು, ಬ್ಯಾಂಕು, ಫೋನು ಎಲ್ಲವೂ ಹೊತ್ತಿಗೆ ಸರಿಯಾಗಿ ನಡೆದಾಗ ಅವರು ನಮ್ಮ ನೆನಪಿಗೆ ಬರುವುದಿಲ್ಲ. ನಮಗೂ ಅಜ್ಜನ ಕೆಲಸ ಎಂಥದೆಂದು ತಿಳಿದದ್ದು, ಕಾಕಾ ಸೀರೆಯ ಗಂಟಿನೊಂದಿಗೆ ಬಾಗಿಲಲ್ಲಿ ಬಂದು ನಿಂತಾಗಲೇ.