ಯಾ ಇಂಟು ಯಾ ಎಷ್ಟು?

ಮಕ್ಕಳೇ, ನಮ್ಮ ಮಹದೇವಪುರದ ಕಡೆ ಸಂಜೆ ಅಪ್ಪ-ಅಮ್ಮ ಟ್ರಾಫಿಕ್ಕಿನಲ್ಲಿ ಸಿಕ್ಕಿಕೊಂಡಿರುತ್ತಾರೆ. ಹೋಮ್‌ವರ್ಕ್ ಮಾಡಿಸುವ ಪಾಳಿ ಅಜ್ಜ-ಅಜ್ಜಿಯರದು. ಎಂಟನೇ ತರಗತಿಯ ಬೀಜೋಕ್ತಿಗಳ ಗುಣಾಕಾರ ಬಂದರೆ ಮಾತ್ರ ಅವರು ಕನ್ನಡಕ ತೆಗೆದಿಟ್ಟು, "ಇದಕ್ಕೆ ನಿಮ್ಮಪ್ಪನೇ ಬರಲಿ" ಅನ್ನುವುದನ್ನು ನಾನು ಕೇಳಿದ್ದೇನೆ. ಅಜ್ಜಂದಿರೇ, ಅಷ್ಟು ಹೊತ್ತು ಕಾಯಬೇಕಿಲ್ಲ.

ಲೀಲಾವತಿಯ ಲೆಕ್ಕಗಳನ್ನು ಬರೆದ ಭಾಸ್ಕರಾಚಾರ್ಯರು ನಿಮಗೆ ಗೊತ್ತು. 1150ರಲ್ಲಿ ಮುಗಿಸಿದ ‘ಸಿದ್ಧಾಂತಶಿರೋಮಣಿ’ಯ ಇನ್ನೊಂದು ಭಾಗವೇ ‘ಬೀಜಗಣಿತ’. ಗೊತ್ತಿಲ್ಲದ ಸಂಖ್ಯೆಗೆ ಅವರು ‘ಯಾವತ್ತಾವತ್’ ಎನ್ನುತ್ತಾರೆ. ಎಷ್ಟಿದೆಯೋ ಅಷ್ಟು ಎಂದರ್ಥ. ಚಿಕ್ಕದಾಗಿ ‘ಯಾ’. ಇನ್ನೊಂದು ಬೇಕಾದರೆ ಬಣ್ಣದ ಹೆಸರು: ಕಪ್ಪು ಕಾಲಕ ‘ಕಾ’, ನೀಲಿ ನೀಲಕ ‘ನೀ’. ಇಂದಿನ ಇಂಗ್ಲಿಷ್ ಅಕ್ಷರಗಳಿಗಿಂತ ಇದೇ ನನಗೆ ಇಷ್ಟ.

ಒಂದೇ ಬಣ್ಣ ತನ್ನಿಂದಲೇ ಗುಣಿಸಿಕೊಂಡರೆ ವರ್ಗ, ಮೂರು ಸೇರಿದರೆ ಘನ. ಬೇರೆ ಬೇರೆ ಬಣ್ಣಗಳು ಗುಣಿಸಿಕೊಂಡರೆ ಅದು ‘ಭಾವಿತ’: ಯಾ, ಕಾ ಎರಡೂ ಪಕ್ಕಪಕ್ಕದಲ್ಲಿ ನಿಲ್ಲುತ್ತವೆ, ಒಂದರಲ್ಲೊಂದು ಕರಗುವುದಿಲ್ಲ. ತಲೆಯ ಮೇಲೆ ಪುಟ್ಟ ಅಂಕಿ ಕೂರಿಸುವ ರೂಢಿ ಹಬ್ಬಿದ್ದು ಫ್ರಾನ್ಸಿನ ಡೆಕಾರ್ತೆಯ 1637ರ ಪುಸ್ತಕದಿಂದ.

ಈಗ ನೆಲಕ್ಕೆ ಬನ್ನಿ, ಟೈಲ್ಸ್ ನೋಡಿ. ಒಂದು ಚೌಕದ ಬದಿ ಯಾ. ಉದ್ದಕ್ಕೆ 3, ಅಗಲಕ್ಕೆ 2 ಹಾಕಿದರೆ 3ಯಾ × 2ಯಾ. ಎಣಿಸಿ, 6 ಟೈಲ್ಸ್, ಒಂದೊಂದರ ವಿಸ್ತೀರ್ಣ ಯಾ². ಉತ್ತರ 6ಯಾ². ಇದನ್ನು 6ಯಾ ಎಂದು ಬರೆಯುವ ಮಕ್ಕಳು ಬಹಳ. ಯಾ 5 ಎಂದುಕೊಂಡು ನೋಡಿ: 15 × 10 ಅಂದರೆ 150. 6ಯಾ ಆದರೆ ಬರೀ 30!

3ಯಾ² × 4ಯಾ³ಕ್ಕೆ 12ಯಾ⁶ ಎಂದು ಬರೆಯುವುದು ಇನ್ನೊಂದು ಮಾಮೂಲಿ ತಪ್ಪು. ಬಿಡಿಸಿ ಬರೆಯಿರಿ: ಮೊದಲನೆಯದರಲ್ಲಿ ಎರಡು ಯಾ, ಎರಡನೆಯದರಲ್ಲಿ ಮೂರು. ಒಟ್ಟು ಐದು. ಸಹಗುಣಕಗಳನ್ನು ಗುಣಿಸಬೇಕು, ಘಾತಾಂಕಗಳನ್ನು ಕೂಡಬೇಕು, 12ಯಾ⁵.

ನೀರಿನ ಟ್ಯಾಂಕರ್ ತರಿಸುವ ಮನೆಯವರಿಗೆ ಇದು ಬರೀ ಪರೀಕ್ಷೆಯ ಮಾತಲ್ಲ. ಸಂಪಿನ ಉದ್ದ, ಅಗಲ, ಆಳ ಮೂರೂ ಯಾ ಇದ್ದರೆ ಹಿಡಿಯುವ ನೀರು ಯಾ³. ಮೂರನ್ನೂ ದುಪ್ಪಟ್ಟು ಮಾಡಿಸಿದರೆ 2ಯಾ × 2ಯಾ × 2ಯಾ, ಅಂದರೆ 8ಯಾ³. ಮೊದಲು ಒಂದು ಲೋಡಿಗೆ ತುಂಬುತ್ತಿದ್ದ ಸಂಪಿಗೆ ಈಗ ಎಂಟು ಲೋಡು! ಹಣ ಕೊಡುವವರು ಮೊದಲೇ ಲೆಕ್ಕ ಹಾಕಲಿ.

ಮುಂದಿನ ವಾರಕ್ಕೆ: 2ಕಾ × 5ಯಾ²ಕಾ ಎಷ್ಟು? ಅಜ್ಜಿ ಒಂದು ಹಾಳೆಯಲ್ಲಿ, ನೀವು ಇನ್ನೊಂದರಲ್ಲಿ ಮಾಡಿ. ನಕಲು ಬೇಡ.