ಸ್ವಪಕ್ಷದ ಕಟಕಟೆಯಲ್ಲಿ ಮಹಾಪೌರರು

ನ್ಯೂಯಾರ್ಕಿನ ಮಹಾಪೌರರು ಯಾರಾದರೆ ಕಳವಾದ ಹೋಟೆಲಿನ ಸಪ್ಲಾಯರನಿಗೇನು ಎಂದು ವಾಚಕರೊಬ್ಬರು ನಮ್ಮನ್ನು ಕೇಳಿದ್ದಾರೆ. ದೂರದೇಶದ ಸುದ್ದಿಗೆ ಅಷ್ಟೊಂದು ಸ್ಥಳವನ್ನು ಕೊಡುವ ಬದಲು ಕಳವಾ ನಾಕಾದ ಸುದ್ದಿಯನ್ನು ಕೊಡಬಾರದೇ ಎಂಬುದು ಅವರ ಆಕ್ಷೇಪ. ಆಕ್ಷೇಪ ಸಕಾರಣವಾದುದೇ. ಆದರೆ ಆ ದೂರದ ಸುದ್ದಿಯನ್ನು ಬಿಡಿಸಿ ನೋಡಿದರೆ ಅದರೊಳಗೆ ಕಳವಾ ನಾಕಾದ ಸುದ್ದಿಯೇ ಅಡಗಿದೆಯೆಂದು ನಮಗೆ ತೋರುತ್ತದೆ. ಆದುದರಿಂದ ಈ ಸಲ ಎರಡನ್ನೂ ಒಟ್ಟಿಗೆ ವಿಚಾರಿಸೋಣ.

ಅಮೇರಿಕೆಯ ಅನೇಕ ದೊಡ್ಡ ನಗರಗಳಲ್ಲಿ ಮಹಾಪೌರರನ್ನು ಜನರೇ ನೇರವಾಗಿ ಆರಿಸುತ್ತಾರೆ. ಅದಕ್ಕೆ ಮೊದಲು ಇನ್ನೊಂದು ಚುನಾವಣೆ ನಡೆಯುತ್ತದೆ. ಅದಕ್ಕೆ ಪ್ರೈಮರಿ, ಅಂದರೆ ಪ್ರಾಥಮಿಕ ಚುನಾವಣೆ ಎಂದು ಹೆಸರು. ಪಕ್ಷದ ಟಿಕೇಟು ಯಾರಿಗೆ ಸಲ್ಲಬೇಕೆಂಬುದನ್ನು ಅಲ್ಲಿ ಮುಖಂಡರ ಬಂಗಲೆಯಲ್ಲಿ ನಿರ್ಣಯಿಸುವುದಿಲ್ಲ. ಆ ಪಕ್ಷದ ಸಾಮಾನ್ಯ ಮತದಾರರು ಮತಗಟ್ಟೆಗೆ ಹೋಗಿ ನಿರ್ಣಯಿಸುತ್ತಾರೆ. ಗಾದಿಯ ಮೇಲೆ ಕುಳಿತಿರುವ ಮಹಾಪೌರರಿಗೂ ಇದರಿಂದ ರಿಯಾಯಿತಿಯಿಲ್ಲ. ಒಂದೇ ಪಕ್ಷವು ಬಲವಾಗಿರುವ ಊರುಗಳಲ್ಲಂತೂ ಈ ಮೊದಲನೆಯ ಚುನಾವಣೆಯೇ ನಿಜವಾದ ಚುನಾವಣೆ. ಎರಡನೆಯದು ಬಹುಮಟ್ಟಿಗೆ ಶಾಸ್ತ್ರಕ್ಕೆ ನಡೆಯುವಂಥದು.

1979ರ ಜನವರಿಯಲ್ಲಿ ಷಿಕಾಗೋ ನಗರದ ಮೇಲೆ ಭಾರೀ ಹಿಮ ಬಿದ್ದಿತು. ಹಿಮವೆಂದರೆ ನಮ್ಮ ಮಳೆಗಾಲದ ನೀರಿನಂತೆಯೇ ಎಂದು ಭಾವಿಸಬೇಕು. ಅದನ್ನು ತೆಗೆದುಹಾಕುವುದು ನಗರಪಾಲಿಕೆಯ ಹೊಣೆ. ಬೀದಿಗಳು ವಾರಗಟ್ಟಲೆ ಮುಚ್ಚಿಕೊಂಡಿದ್ದವು. ಲೋಕಲ್ ಗಾಡಿಗಳು ಬೇಗ ಸಾಗಲಿ ಎಂದು ಕೆಲವು ಸ್ಟೇಶನ್ನುಗಳಲ್ಲಿ ಅವುಗಳನ್ನು ನಿಲ್ಲಿಸದೆಯೇ ಓಡಿಸಿದರು. ಆ ಸ್ಟೇಶನ್ನುಗಳು ಹೆಚ್ಚಾಗಿ ಕಪ್ಪು ಜನಾಂಗದವರು ವಾಸಿಸುವ ಪೇಟೆಗಳಲ್ಲಿದ್ದವು. ಚಳಿಯಲ್ಲಿ ಪ್ಲಾಟ್‌ಫಾರ್ಮಿನ ಮೇಲೆ ನಿಂತ ದುಡಿಯುವ ಜನರು, ತಮ್ಮನ್ನು ಬಿಟ್ಟು ದಡದಡನೆ ಹೋಗುವ ಗಾಡಿಗಳನ್ನು ನೋಡುತ್ತ ನಿಂತರು. ಆ ನೋಟವನ್ನು ಕಳವಾದವರಿಗೆ ವಿವರಿಸಬೇಕಾಗಿಲ್ಲ! ಹೆಚ್ಚಿನ ಫಾಸ್ಟ್ ಲೋಕಲುಗಳಿಗೆ ಇಲ್ಲಿ ನಿಲುಗಡೆಯಿಲ್ಲವೆಂಬ ಸಂಗತಿಯನ್ನು ನಮ್ಮ ಗುಮಾಸ್ತ ಬಂಧುಗಳು ದಿನವೂ ಬೆಳಗ್ಗೆ ಕಣ್ಣಾರೆ ಕಾಣುತ್ತಾರೆ.

ಆಗ ಷಿಕಾಗೋದ ಮಹಾಪೌರರಾಗಿದ್ದವರು ಮೈಕೆಲ್ ಬಿಲಾಂಡಿಕ್. ಅಲ್ಲಿಯ ಡೆಮೊಕ್ರಾಟಿಕ್ ಪಕ್ಷದ ಬಲಾಢ್ಯ ಯಂತ್ರವೆಲ್ಲ ಅವರ ಬೆನ್ನಿಗಿತ್ತು. ಅವರಿಗೆ ಎದುರಾಗಿ ನಿಂತವರು ಜೇನ್ ಬರ್ನ್ ಎಂಬ ಮಹಿಳೆ. ಬಿಲಾಂಡಿಕ್‌ರೇ 1977ರಲ್ಲಿ ನಗರದ ಕೆಲಸದಿಂದ ತೆಗೆದುಹಾಕಿದ್ದವರು. ಫೆಬ್ರವರಿ 27ರಂದು ಪ್ರಾಥಮಿಕ ಚುನಾವಣೆ ನಡೆಯಿತು. ಗಾಡಿ ನಿಲ್ಲದ ಸ್ಟೇಶನ್ನುಗಳ ಜನರು ಮತಗಟ್ಟೆಯಲ್ಲಿ ತಮ್ಮ ಉತ್ತರವನ್ನು ಕೊಟ್ಟರು. ಬಿಲಾಂಡಿಕ್ ಸೋತರು, ಬರ್ನ್ ಷಿಕಾಗೋದ ಮೊದಲನೆಯ ಮಹಿಳಾ ಮಹಾಪೌರರಾದರು. ನಾಲ್ಕು ವರ್ಷಗಳ ಬಳಿಕ, 1983ರಲ್ಲಿ, ಅದೇ ಪ್ರಾಥಮಿಕ ಚುನಾವಣೆಯಲ್ಲಿ ಹೆರಾಲ್ಡ್ ವಾಶಿಂಗ್ಟನ್ ಎಂಬವರು ಬರ್ನ್ ಅವರನ್ನೇ ಸೋಲಿಸಿ ಆ ನಗರದ ಮೊದಲ ಕಪ್ಪು ಜನಾಂಗದ ಮಹಾಪೌರರಾದರು. ಬಂದ ಬಾಗಿಲಿನಿಂದಲೇ ಹೊರಗೆ ಹೋಗುವುದು ಎಂದರೆ ಇದು.

ಇಂಥದು ಒಂದು ಊರಿನ ಕಥೆ ಮಾತ್ರವಲ್ಲ. 1975ರಲ್ಲಿ ನ್ಯೂಯಾರ್ಕ್ ನಗರವು ದಿವಾಳಿಯ ಅಂಚಿಗೆ ಬಂದಿತ್ತು; ಸಾವಿರಾರು ನೌಕರರು ಕೆಲಸ ಕಳೆದುಕೊಂಡರು. 1977ರ ಜುಲೈಯಲ್ಲಿ ಒಂದು ರಾತ್ರಿ ದೀಪಗಳೆಲ್ಲ ಆರಿ ನಗರದಲ್ಲಿ ಲೂಟಿ ನಡೆಯಿತು. ಆ ಸೆಪ್ಟೆಂಬರಿನಲ್ಲೇ ಮಹಾಪೌರ ಏಬ್ರಹಾಂ ಬೀಮ್ ಸ್ವಪಕ್ಷದ ಮತದಾರರಿಂದ ಮೂರನೆಯ ಸ್ಥಾನಕ್ಕೆ ತಳ್ಳಲ್ಪಟ್ಟರು. ಗೆದ್ದು ಬಂದ ಎಡ್ ಕಾಚ್ ಹನ್ನೆರಡು ವರ್ಷ ಆಳಿದರು. ನಾಲ್ಕನೆಯ ಸಲ ನಿಂತಾಗ, 1989ರಲ್ಲಿ, ಡೇವಿಡ್ ಡಿಂಕಿನ್ಸ್ ಅವರ ಎದುರು ಅದೇ ಮೆಟ್ಟಿಲಿನಲ್ಲಿ ಜಾರಿದರು. ಪಿಟ್ಸ್‌ಬರ್ಗ್ ನಗರದಲ್ಲಿ ಎಡ್ ಗೇನಿ 2021ರಲ್ಲಿ ಗಾದಿಯಲ್ಲಿದ್ದ ಬಿಲ್ ಪೆಡೂಟೋ ಅವರನ್ನು ಸೋಲಿಸಿದ್ದರು. 2025ರ ಮೇಯಲ್ಲಿ ಗೇನಿಯವರನ್ನು ಕೋರಿ ಓಕಾನರ್ ಸೋಲಿಸಿದರು.

ಇನ್ನು ಎರಿಕ್ ಆ್ಯಡಮ್ಸ್‌ರ ವೃತ್ತಾಂತವನ್ನು ನಾವು ಹಿಂದೆ ಬರೆದಿದ್ದೇವೆ. ಅವರ ಮೇಲೆ 2024ರಲ್ಲಿ ಹೊರಿಸಿದ್ದ ಲಂಚದ ಮೊಕದ್ದಮೆಯನ್ನು 2025ರ ಏಪ್ರಿಲ್ 2ರಂದು ನ್ಯಾಯಾಲಯವು ವಜಾ ಮಾಡಿತು. ಆದರೆ ಮರುದಿನವೇ ಅವರು ತಾವು ಸ್ವಪಕ್ಷದ ಪ್ರಾಥಮಿಕ ಚುನಾವಣೆಗೆ ನಿಲ್ಲುವುದಿಲ್ಲ, ಸ್ವತಂತ್ರರಾಗಿ ನಿಲ್ಲುತ್ತೇವೆ ಎಂದು ಸಾರಿದರು. ಸೆಪ್ಟೆಂಬರಿನಲ್ಲಿ ಅದನ್ನೂ ಬಿಟ್ಟರು. ಜೂನ್ 24ರ ಪ್ರಾಥಮಿಕ ಚುನಾವಣೆಯಲ್ಲಿ ಮನೆಬಾಡಿಗೆ, ಬಸ್ಸಿನ ದರ ಎಂಬ ಮಾತುಗಳನ್ನೇ ಹಿಡಿದು ಹೊರಟ ಜೊಹ್ರಾನ್ ಮಮ್ದಾನಿ ಎಂಬ ಯುವಕರು ಮಾಜಿ ಗವರ್ನರರಾದ ಆಂಡ್ರೂ ಕ್ವೋಮೋ ಅವರನ್ನು ಹಿಂದೆ ಹಾಕಿ, ನವೆಂಬರಿನಲ್ಲಿ ಮಹಾಪೌರರಾಗಿ ಆರಿಸಿ ಬಂದರು. ಪರೀಕ್ಷೆಗೆ ಕುಳಿತು ನಪಾಸಾಗುವುದು ಒಂದು ಬಗೆ. ಪರೀಕ್ಷೆಯ ಕೋಣೆಯನ್ನೇ ತಪ್ಪಿಸುವುದು ಇನ್ನೊಂದು ಬಗೆ. ಎಸ್.ಎಸ್.ಎಲ್.ಸಿ. ಮಾತ್ರ ಕಲಿತ ನಮಗೆ ಎರಡರ ಅಂತರವೂ ಚೆನ್ನಾಗಿ ತಿಳಿದಿದೆ.

ಈಗ ಕಳವಾಕ್ಕೆ ಬರೋಣ. ಕಳವಾವು ಠಾಣೆ ಮಹಾನಗರಪಾಲಿಕೆಯ ಒಂದು ಭಾಗ. ಈ ಪಾಲಿಕೆಗೆ 131 ಮಂದಿ ನಗರಸೇವಕರು. ಮಹಾಪೌರರನ್ನು ಆರಿಸುವವರು ಅವರೇ, ನಾವಲ್ಲ. ಅವಧಿ ಎರಡೂವರೆ ವರ್ಷ. 1949ರ ಕಾಯಿದೆಯ ಪ್ರಕಾರ ಆಡಳಿತವನ್ನು ನಡೆಸುವ ಅಧಿಕಾರವು ಸರಕಾರವು ನೇಮಿಸಿದ ಆಯುಕ್ತರ ಕೈಯಲ್ಲಿದೆ. ಮಹಾಪೌರರಿಗೆ ಸಭೆಯ ಅಧ್ಯಕ್ಷತೆಯೂ ನಗರದ ಮೊದಲ ಪ್ರಜೆ ಎಂಬ ಗೌರವವೂ ಉಂಟು. ಸಮೀಪದ ಬದಲಾಪುರ, ಅಂಬರನಾಥಗಳ ಪುರಸಭೆಗಳಲ್ಲಿ ಮಾತ್ರ ಅಧ್ಯಕ್ಷರನ್ನು ಜನರೇ 2025ರ ಡಿಸೆಂಬರಿನಲ್ಲಿ ನೇರವಾಗಿ ಆರಿಸಿದರು. ಸಣ್ಣ ಊರಿನವರಿಗೆ ಇರುವ ಈ ಹಕ್ಕು ದೊಡ್ಡ ಊರಿನವರಿಗೆ ಯಾಕಿಲ್ಲ ಎಂಬುದಕ್ಕೆ ಸಮಾಧಾನಕರವಾದ ಉತ್ತರವನ್ನು ನಾವು ಇನ್ನೂ ಕೇಳಿಲ್ಲ.

ಮಹಾಪೌರರ ಪದವಿಯು ಯಾವ ವರ್ಗಕ್ಕೆ ಮೀಸಲು ಎಂಬುದನ್ನು ಮಂತ್ರಾಲಯದಲ್ಲಿ ಚೀಟಿ ಎತ್ತಿ ನಿರ್ಧರಿಸುತ್ತಾರೆ. ಮೀಸಲಾತಿಯ ತತ್ತ್ವಕ್ಕೆ ನಮ್ಮ ಪೂರ್ಣ ಸಮ್ಮತಿಯಿದೆ. ಅದಿಲ್ಲದಿದ್ದರೆ ಎಷ್ಟೋ ಮಂದಿ ಯೋಗ್ಯರು ಆ ಆಸನವನ್ನು ದೂರದಿಂದಲೇ ನೋಡಬೇಕಾಗುತ್ತಿತ್ತು. ನಮ್ಮ ತಕರಾರು ಚೀಟಿ ಎತ್ತುವ ದಿನದ ಬಗ್ಗೆ. ನಾವು 2026ರ ಜನವರಿ 15ರಂದು ಮತ ಹಾಕಿದೆವು. ಚೀಟಿ ಎತ್ತಿದ್ದು 22ರಂದು. ಅಂದರೆ ಮಹಾಪೌರರಾಗಬಲ್ಲವರು ಯಾರು ಎಂಬುದನ್ನು ಮತದಾರರು ಮತ ಹಾಕಿದ ಒಂದು ವಾರದ ಮೇಲೆ ತಿಳಿದುಕೊಂಡರು. ಎರಡೂವರೆ ವರ್ಷದ ನಂತರ ಮೀಸಲು ಬದಲಾಗುತ್ತದೆ. ಒಳ್ಳೆಯವರಾಗಲಿ, ಕೆಟ್ಟವರಾಗಲಿ, ಕುಳಿತವರು ಸಾಮಾನ್ಯವಾಗಿ ಎದ್ದು ಹೋಗುತ್ತಾರೆ. ಹೀಗಾಗಿ ನಮ್ಮಲ್ಲಿ ಗಾದಿಯಲ್ಲಿದ್ದ ಮಹಾಪೌರರನ್ನು ಸೋಲಿಸುವ ಪ್ರಶ್ನೆಯೇ ಏಳುವುದಿಲ್ಲ, ಗೆಲ್ಲಿಸುವ ಪ್ರಶ್ನೆಯೂ ಏಳುವುದಿಲ್ಲ. ಬಿಲಾಂಡಿಕ್‌ರನ್ನು ಸೋಲಿಸಿದ ಹಿಮವು ಇಲ್ಲಿ ಬಿದ್ದರೆ ಯಾರನ್ನೂ ಸೋಲಿಸಲಾರದು.

ಪಕ್ಷದೊಳಗಿನ ಸ್ಪರ್ಧೆ ನಮ್ಮಲ್ಲಿ ಇಲ್ಲವೆಂದಲ್ಲ. ಅದು ಬಾಗಿಲು ಮುಚ್ಚಿಕೊಂಡು ನಡೆಯುತ್ತದೆ. ಮುಚ್ಚಿದ ಬಾಗಿಲಿನ ಸ್ಪರ್ಧೆ ಎಲ್ಲಿಗೆ ಹೋಗಬಹುದು ಎಂಬುದನ್ನು ಠಾಣೆಯ ಹಿರಿಯರು ಮರೆತಿಲ್ಲ: 1989ರಲ್ಲಿ ಇಲ್ಲಿಯ ಮಹಾಪೌರರ ಚುನಾವಣೆಯಲ್ಲಿ ಸ್ವಪಕ್ಷದ ವಿರುದ್ಧ ಮತ ಹಾಕಿದರೆಂಬ ಶಂಕೆಗೆ ಗುರಿಯಾದ ನಗರಸೇವಕರೊಬ್ಬರ ಕೊಲೆಯೇ ನಡೆದುಹೋಯಿತು.

ನಾವು ಗಲ್ಲಾದ ಮೇಲೆ ಕುಳಿತಿದ್ದ ಕಾಲದ ಒಂದು ಸಂಗತಿ ನೆನಪಾಗುತ್ತದೆ. ನಾಮಪತ್ರದ ಕಡೆಯ ದಿನದ ಹಿಂದಿನ ರಾತ್ರಿ, ವಾರ್ಡಿನಲ್ಲಿ ಹತ್ತು ವರ್ಷ ಓಡಾಡಿ ಕೆಲಸ ಮಾಡಿದ್ದ ಒಬ್ಬ ಕಾರ್ಯಕರ್ತರು ನಮ್ಮ ಹೋಟೆಲಿನ ಮೂಲೆಯ ಮೇಜಿನಲ್ಲಿ ಬಂದು ಕುಳಿತರು. ಎ-ಬಿ ಫಾರ್ಮು ಬರುವುದೆಂದು ಹೇಳಿದ್ದರು. ಆ ಕಾಗದವಿಲ್ಲದೆ ಪಕ್ಷದ ಚಿಹ್ನೆ ಸಿಗುವುದಿಲ್ಲ. ಒಂದರ ಮೇಲೊಂದು ಚಹಾ ತರಿಸಿದರು. ಫೋನು ಮೇಜಿನ ಮೇಲೆ ಅಂಗಾತ ಬಿದ್ದಿತ್ತು. ನಮ್ಮ ಭಟ್ಟರು ಒಲೆ ಆರಿಸಿದರು, ಕ್ಲೀನರ್ ಹುಡುಗರು ಕುರ್ಚಿಗಳನ್ನು ಮೇಜಿನ ಮೇಲೆ ತಲೆಕೆಳಗಾಗಿ ಇಟ್ಟರು, ಅವರ ಮೇಜೊಂದನ್ನು ಬಿಟ್ಟು. ಹನ್ನೆರಡು ಹೊಡೆದ ಮೇಲೆ ಎದ್ದು, 'ಶೆಟ್ಟರೇ, ಬೇರೆಯವರಿಗೆ ಹೋಯಿತಂತೆ' ಎಂದು ಹೇಳಿ ಹೊರಟುಹೋದರು. ಚಹಾದ ಹಣವನ್ನು ನಾವು ಕೇಳಲಿಲ್ಲ. ಅವರಿಗೆ ಟಿಕೇಟು ಸಿಗಬೇಕಾಗಿತ್ತೋ ಇಲ್ಲವೋ ನಾವು ಹೇಳಲಾರೆವು. ಆದರೆ ಅವರನ್ನು ಹತ್ತು ವರ್ಷ ಕಂಡಿದ್ದ ನಮ್ಮ ಬೀದಿಯವರನ್ನು ಆ ವಿಷಯದಲ್ಲಿ ಯಾರೂ ಒಂದು ಮಾತು ಕೇಳಲಿಲ್ಲ. ಈ ವರ್ಷದ ಚುನಾವಣೆಯಲ್ಲಂತೂ ಠಾಣೆ, ಕಲ್ಯಾಣ-ಡೊಂಬಿವಲಿಗಳಲ್ಲಿ ಕೆಲವರು ಮತದಾನಕ್ಕೆ ಮೊದಲೇ ಅವಿರೋಧವಾಗಿ ಆರಿಸಿ ಬಂದರು. ಆ ಸ್ಥಾನಗಳ ಮಟ್ಟಿಗೆ ಮತದಾರರಿಗೆ ಎರಡನೆಯ ಚುನಾವಣೆಯೂ ಇಲ್ಲವಾಯಿತು.

ಇದರಿಂದ ಆಗುವ ನಷ್ಟ ಬರಿಯ ಮಾತಿನದಲ್ಲ. 2023ರ ಆಗಸ್ಟಿನಲ್ಲಿ ಕಳವಾದ ಛತ್ರಪತಿ ಶಿವಾಜಿ ಮಹಾರಾಜ ಆಸ್ಪತ್ರೆಯಲ್ಲಿ ಇಪ್ಪತ್ತನಾಲ್ಕು ಗಂಟೆಗಳೊಳಗೆ 18 ರೋಗಿಗಳು ತೀರಿಕೊಂಡರು. ಅದು ಪಾಲಿಕೆಯ ಆಸ್ಪತ್ರೆ. ಖಾಸಗಿ ಆಸ್ಪತ್ರೆಯ ಬಿಲ್ಲನ್ನು ಭರಿಸಲಾರದ ನಮ್ಮ ಕೆಲಸಗಾರರು ಜ್ವರ ಬಂದರೆ ಹೋಗುವ ಸ್ಥಳ. ಆಗ ಪಾಲಿಕೆಯಲ್ಲಿ ಮಹಾಪೌರರೂ ಇರಲಿಲ್ಲ, ನಗರಸೇವಕರೂ ಇರಲಿಲ್ಲ. 2017ರಲ್ಲಿ ಆರಿಸಿ ಬಂದವರ ಅವಧಿ 2022ರ ಮಾರ್ಚಿನಲ್ಲಿ ಮುಗಿದಿತ್ತು. ಹೊಸ ಚುನಾವಣೆ ನಡೆಯದೆ ಆಡಳಿತಾಧಿಕಾರಿಗಳ ಕಾರಭಾರವೇ ನಡೆದಿತ್ತು. ನವಿ ಮುಂಬಯಿ, ಕಲ್ಯಾಣ-ಡೊಂಬಿವಲಿಗಳಲ್ಲಿ 2020ರಿಂದಲೇ ಈ ಸ್ಥಿತಿ. ವಿಚಾರಣೆಗೆ ಸರಕಾರವು ಸಮಿತಿಯನ್ನು ನೇಮಿಸಿತು, ಸರಿ. ಆದರೆ ಸತ್ತವರ ನೆರೆಯವನೊಬ್ಬನು ಮುಂದಿನ ಮತದಾನದಲ್ಲಿ ಯಾರಿಂದ ಲೆಕ್ಕ ಕೇಳಬೇಕಾಗಿತ್ತು? ಆಸನ ಖಾಲಿಯಾಗಿತ್ತು. ಹಿಂದೆ ಕುಳಿತಿದ್ದವರು ಅಂದು ನಾವಿರಲಿಲ್ಲ ಎನ್ನುವರು, ಮುಂದೆ ಬಂದವರೂ ಅದನ್ನೇ ಹೇಳುವರು; ಇಬ್ಬರ ಮಾತೂ ನಿಜವೇ.

ಅಮೇರಿಕೆಯ ಪದ್ಧತಿಯೆಲ್ಲ ಬಂಗಾರವೆಂದು ನಾವು ಹೇಳುತ್ತಿಲ್ಲ. ಅಲ್ಲಿಯ ಪ್ರಾಥಮಿಕ ಚುನಾವಣೆಯಲ್ಲಿ ಹಣದ ಹೊಳೆ ಹರಿಯುತ್ತದೆ. ಎಷ್ಟೋ ಸಲ ಮತ ಹಾಕಲು ಬರುವವರು ಸ್ವಲ್ಪ ಮಂದಿ. ಷಿಕಾಗೋದವರು ಪಕ್ಷವಾರು ಪ್ರಾಥಮಿಕ ಚುನಾವಣೆಯನ್ನು 1999ರ ಹೊತ್ತಿಗೆ ಬಿಟ್ಟುಬಿಟ್ಟರು. ಆದರೂ 2023ರಲ್ಲಿ ಗಾದಿಯಲ್ಲಿದ್ದ ಲೋರಿ ಲೈಟ್‌ಫುಟ್ ಮೊದಲ ಸುತ್ತಿನಲ್ಲೇ ಸೋತರು. ಹೆಸರು ಯಾವುದಾದರೂ ಇರಲಿ, ಕುಳಿತವರು ಕುಳಿತಿರುವಾಗಲೇ ಜನರ ಮುಂದೆ ಬಂದು ನಿಲ್ಲಬೇಕಾಗುವ ಒಂದು ದಿನವಿರಬೇಕು. ಕಡೆಯ ಪಕ್ಷ ಮೂರು ಕೆಲಸಗಳು ಕಾಯಿದೆಯ ದೊಡ್ಡ ತಿದ್ದುಪಡಿಯಿಲ್ಲದೆ ಆಗಬಹುದೆಂದು ನಮ್ಮ ಅಭಿಪ್ರಾಯ: ಚೀಟಿಯನ್ನು ಮತದಾನಕ್ಕೆ ಮೊದಲೇ ಎತ್ತಲಿ, ಪಕ್ಷಗಳು ತಮ್ಮ ಮಹಾಪೌರ ಯಾರೆಂಬುದನ್ನು ಆಗಲೇ ಹೇಳಲಿ, ಟಿಕೇಟಿಗೆ ಮುನ್ನ ವಾರ್ಡಿನ ಸದಸ್ಯರ ಒಂದು ಬಹಿರಂಗ ಸಭೆಯನ್ನಾದರೂ ಕರೆಯಲಿ.

ಇಷ್ಟು ಹೇಳಿದ ಮೇಲೆ ನಮ್ಮವರ ಒಂದು ತಪ್ಪನ್ನೂ ಹೇಳದಿದ್ದರೆ ಅಪ್ರಾಮಾಣಿಕತೆಯಾದೀತು. ನ್ಯೂಯಾರ್ಕಿನಲ್ಲಿ ಪಕ್ಷದ ಪಟ್ಟಿಯಲ್ಲಿ ಹೆಸರು ಬರೆಯಿಸದವನಿಗೆ ಪ್ರಾಥಮಿಕ ಚುನಾವಣೆಯಲ್ಲಿ ಮತವಿಲ್ಲ. ಇಲ್ಲಿ ಅಂಥ ಪಟ್ಟಿಯಿಲ್ಲ. ಆದರೆ ಇರುವ ಪಟ್ಟಿಯಲ್ಲಿಯೂ ನಮ್ಮ ಹುಡುಗರಿಲ್ಲ. ಹದಿನೈದು ವರ್ಷ ಕಳವಾದ ನೀರು ಕುಡಿದು, ಖಾರೆಗಾಂವ, ವಿಟಾವಾಗಳ ಕೋಣೆಗಳಲ್ಲಿ ಮಲಗಿ, ಕಳವಾದ ಆಸ್ಪತ್ರೆಯಲ್ಲಿ ಸಾಲು ನಿಂತವನ ಹೆಸರು ಇಂದಿಗೂ ಕುಂದಾಪುರದ ಕಡೆಯ ಯಾವುದೋ ಶಾಲೆಯ ಮತಗಟ್ಟೆಯಲ್ಲಿದೆ. ಪಾಲಿಕೆಯ ಮತದಾರರ ಪಟ್ಟಿಯನ್ನು ಮಾಡುವುದು ವಿಧಾನಸಭೆಯ ಪಟ್ಟಿಯನ್ನೇ ವಾರ್ಡುವಾರು ಒಡೆದು. ಆದುದರಿಂದ ಮುಂಬ್ರಾ-ಕಳವಾ ಕ್ಷೇತ್ರದ ಪಟ್ಟಿಯಲ್ಲಿ ಹೆಸರಿಲ್ಲದವನಿಗೆ ಇಲ್ಲಿಯ ನಗರಸೇವಕರು ಹೆದರಬೇಕಾದ ಕಾರಣವಿಲ್ಲ. ಊರಿನ ಮತವನ್ನು ಬಿಡಲು ಮನಸ್ಸಿಲ್ಲದವರ ಸಂಕಟ ನಮಗೆ ಅರ್ಥವಾಗುತ್ತದೆ. ನಾವೂ ಬಹುಕಾಲ ಅದೇ ಸಂಕಟದಲ್ಲಿದ್ದವರು. ಎರಡೂ ಕಡೆ ಹೆಸರು ಇಡುವುದು ಕಾನೂನಿಗೆ ವಿರುದ್ಧ. ಇಲ್ಲಿಯೇ ಇರುವುದೆಂದು ನಿಶ್ಚಯಿಸಿದವರು ವಾಸಸ್ಥಳ ಬದಲಾವಣೆಗೆ 8ನೆಯ ನಮೂನೆಯನ್ನು ತುಂಬಬೇಕು. ಹೆಸರು ಎಲ್ಲಿಯೂ ಇಲ್ಲದ ಹೊಸ ಹುಡುಗರು 6ನೆಯ ನಮೂನೆಯನ್ನು. ತುಂಬಲು ಬಾರದವರು ಮಧ್ಯಾಹ್ನದ ಊಟದ ಗದ್ದಲ ಕಳೆದ ಮೇಲೆ, ಮೂರು ಗಂಟೆಯ ಬಳಿಕ, ನಮ್ಮ ಕಚೇರಿಗೆ ಬಂದರೆ ನಾವು ಕೂತು ಬರೆದುಕೊಡುತ್ತೇವೆ.