ಕೂಸಿಗೆ ಹೆಸರಿಡುವ ಮೊದಲು ನಿಘಂಟು ತೆಗೆಯಿರಿ!



ಮೊನ್ನೆ ಒಬ್ಬ ತಂದೆ ನಾಮಕರಣದ ಪತ್ರಿಕೆ ಅಚ್ಚು ಹಾಕಿಸಲು ನಮ್ಮ ಪ್ರೆಸ್ಸಿಗೆ ಬಂದರು. ಚೀಟಿಯಲ್ಲಿ ಮಗನ ಹೆಸರು ಇಂಗ್ಲಿಷ್ ಅಕ್ಷರದಲ್ಲಿತ್ತು. ‘ಕನ್ನಡದಲ್ಲಿ ನೀವೇ ಹಾಕ್ಕೊಳ್ಳಿ ಸಾರ್’ ಎಂದರು. ಹೆಸರು ಆರವ್. ಅದರ ಕೆಳಗೆ ‘ಶಾಂತ ಸ್ವಭಾವದವನು’ ಎಂಬ ಅರ್ಥವನ್ನೂ ಅಚ್ಚು ಹಾಕಬೇಕಂತೆ. ಮೊಬೈಲಿನಲ್ಲಿ ಸಿಕ್ಕ ಅರ್ಥ!

ರವ ಎಂದರೆ ಸದ್ದು. ಹಕ್ಕಿಗಳ ಕಲರವ ಎನ್ನುವುದಿಲ್ಲವೇ? ಸಂಸ್ಕೃತ ನಿಘಂಟಿನಲ್ಲಿ ಆರವ ಎಂದರೆ ಶಬ್ದ, ಕೂಗು, ಅಬ್ಬರ. ಶಾಂತಿಗೆ ನೇರ ವಿರುದ್ಧ! ಪುಟ ತೆಗೆದು ತೋರಿಸಿದೆ. ಆತ ಸ್ವಲ್ಪ ಹೊತ್ತು ಸುಮ್ಮನಿದ್ದು, ‘ಹೆಸರು ಇರಲಿ, ಅರ್ಥದ ಸಾಲು ತೆಗೆದುಬಿಡಿ’ ಎಂದರು.

ನಾನು ಪಂಡಿತನಲ್ಲ, ಓದಿದ್ದು ಪಿಯುಸಿ. ಆದರೆ ನಿಘಂಟು ತೆರೆಯಲು ಪದವಿ ಬೇಕೇ? ಮೊದಲು, ಹೆಸರು ಯಾವ ಭಾಷೆಯದೆಂದು ಕೇಳಿ. ಆಮೇಲೆ ಪದವನ್ನು ಬಿಡಿಸಿ ನೋಡಿ. ರೆಯಾಂಶ್ ಎಂದರೆ ‘ಬೆಳಕಿನ ಕಿರಣ’ ಎನ್ನುತ್ತಾರೆ. ಅಂಶ ಸಂಸ್ಕೃತ, ಸರಿ. ಆದರೆ ಕಿರಣ ಎಂಬ ಅರ್ಥವಿರುವುದು ಇಂಗ್ಲಿಷಿನ ‘ರೇ’ಗೆ! ಕೊನೆಗೆ, ನಿಘಂಟಿನಲ್ಲಿ ಹುಡುಕಿ. 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದ ಕಿಟೆಲ್ ನಿಘಂಟಿದೆ, ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳಿವೆ. ತಿಳಿಯದಿದ್ದರೆ ಊರಿನ ಕನ್ನಡ ಮೇಷ್ಟರನ್ನು ಕೇಳಿ.

ಅವಸರವೂ ಇಲ್ಲ. ಜನನ ನೋಂದಣಿಯಾದ ಮೇಲೆ 12 ತಿಂಗಳವರೆಗೆ ಮಗುವಿನ ಹೆಸರನ್ನು ಶುಲ್ಕವಿಲ್ಲದೆ ಸೇರಿಸಬಹುದು. ಆದರೆ 2023ರ ಅಕ್ಟೋಬರ್ 1ರಿಂದ ಈಚೆಗೆ ಹುಟ್ಟಿದವರಿಗೆ ಶಾಲೆಗೂ ಮತದಾರರ ಪಟ್ಟಿಗೂ ಜನನ ಪ್ರಮಾಣಪತ್ರವೇ ಆಧಾರ. ಒಮ್ಮೆ ದಾಖಲಾದ ಹೆಸರು ಬಾಳಿನುದ್ದಕ್ಕೂ ಬರುತ್ತದೆ.

ಹುಡುಕುತ್ತ ಹೋದರೆ ನಮ್ಮ ಮನೆಯ ಸಿರಿಯೇ ಕಾಣುತ್ತದೆ. ಇಂಚರ ಎಂದರೆ ಇನಿದಾದ ಸರ, ಸವಿದನಿ. ನೇಸರ ಎಂದರೆ ಸೂರ್ಯ. ಕಿತ್ತೂರಿನ ರಾಣಿಯ ಹೆಸರಿನ ಚೆನ್ನ ಎಂದರೆ ಚೆಲುವು. ತಿಪ್ಪಮ್ಮ ಎಂದರೆ ಈಗಿನವರು ನಗುತ್ತಾರೆ. ಹುಟ್ಟಿದ ಕೂಸುಗಳೆಲ್ಲ ತೀರಿಕೊಂಡ ಮನೆಯಲ್ಲಿ ಇದೊಂದಾದರೂ ಉಳಿಯಲೆಂದು ಕೂಸನ್ನು ತಿಪ್ಪೆಯ ಮೇಲೆ ಮಲಗಿಸಿ ಎತ್ತಿಕೊಂಡು ಇಟ್ಟ ಹೆಸರದು. ಅದರಲ್ಲಿ ತಾಯಿಯ ಕಣ್ಣೀರಿದೆ. ಈಗ ನಗುತ್ತೀರಾ?

ಬೇರೆ ಭಾಷೆಯ ಹೆಸರಿಡಬಾರದೆಂದು ನಾವು ಹೇಳುತ್ತಿಲ್ಲ. ಇಡಿ, ಆದರೆ ತಿಳಿದು ಇಡಿ. ಹೊಸದಾಗಿ ಕಟ್ಟಿದ ಹೆಸರಾದರೆ ಹಾಗೆಂದೇ ಹೇಳಿ, ಇಲ್ಲದ ಅರ್ಥ ಅಂಟಿಸಬೇಡಿ. ನಾಳೆ ಆ ಮಗು ‘ಅಪ್ಪಾ, ನನ್ನ ಹೆಸರಿಗೆ ಏನರ್ಥ?’ ಎಂದು ಕೇಳುತ್ತದೆ. ಆಗ ತಲೆ ತಗ್ಗಿಸುವಂತಾಗಬಾರದು.

ತೊಟ್ಟಿಲು ತೂಗುವ ಮೊದಲು ನಿಘಂಟು ತೆರೆಯಿರಿ, ಕನ್ನಡಿಗರೇ!